ನಾಲ್ಕು ಕಂಠಗಳ ಬೆನ್ನುಹತ್ತಿ ಸೇಂಟ್ ಗೆರೋಲ್ಡ್‌ಗೆ

ಆಸ್ಟ್ರಿಯಾದ ಪಶ್ಚಿಮದ ಅಂಚಿನಲ್ಲಿರುವ ಫೋರಾರ್ಲ್‌ಬೆರ್ಗ್ ಪ್ರಾಂತದಲ್ಲಿ ಗ್ರೋಸಸ್ ವಾಲ್ಸರ್‌ಟಾಲ್ ಎಂಬ ಕಡಿದಾದ ಕಣಿವೆಯಿದೆ. ಅದರ ಬಿಸಿಲು ಬೀಳುವ ಮಗ್ಗುಲಲ್ಲಿರುವ ಸೇಂಟ್ ಗೆರೋಲ್ಡ್ ಕೆಲವೇ ನೂರು ಜನರ ಊರು. 1993ರ ಸೆಪ್ಟೆಂಬರಿನಲ್ಲಿ ಅಲ್ಲಿನ ಮಠದ ಚರ್ಚಿನಲ್ಲಿ ಇಂಗ್ಲೆಂಡಿನ ‘ಹಿಲಿಯರ್ಡ್ ಎನ್ಸೆಂಬಲ್’ ತಂಡದ ನಾಲ್ವರು ಗಾಯಕರು ಮತ್ತು ನಾರ್ವೆಯ ಸ್ಯಾಕ್ಸೊಫೋನ್ ವಾದಕ ಯಾನ್ ಗಾರ್ಬರೆಕ್ ಕೂಡಿ ಒಂದು ಧ್ವನಿಮುದ್ರಣ ಮಾಡಿದರು. ಮ್ಯೂನಿಕ್‌ನ ಇಸಿಎಂ ಸಂಸ್ಥೆ ‘ಒಫಿಚಿಯುಂ’ ಎಂಬ ಹೆಸರಿನಲ್ಲಿ 1994ರಲ್ಲಿ ಹೊರತಂದ ಆ ಮುದ್ರಿಕೆ ಹತ್ತು ಲಕ್ಷಕ್ಕೂ ಹೆಚ್ಚು ಪ್ರತಿ ಮಾರಾಟವಾಯಿತು. ಐನೂರು, ಎಂಟುನೂರು ವರ್ಷ ಹಳೆಯ ಲ್ಯಾಟಿನ್ ಪ್ರಾರ್ಥನೆಗಳನ್ನು ಅಷ್ಟು ಜನ ಕೊಂಡು ಕೇಳಿದ್ದು ಆ ತಂಡದವರಿಗೇ ಅಚ್ಚರಿಯಾಗಿದ್ದರೆ ಆಶ್ಚರ್ಯವಿಲ್ಲ.

ಹಿಲಿಯರ್ಡ್ ತಂಡ 1974ರಲ್ಲಿ ಹುಟ್ಟಿತು. ಒಂದನೆಯ ಎಲಿಜಬೆತ್ ರಾಣಿಯ ಕಾಲದಲ್ಲಿ ಅಂಗೈಯಗಲದ ಕಿರುಚಿತ್ರಗಳನ್ನು ಬರೆದ ನಿಕೊಲಸ್ ಹಿಲಿಯರ್ಡ್‌ನ ಹೆಸರನ್ನು ಅದಕ್ಕೆ ಇಟ್ಟುಕೊಂಡರು. ಈ ಹೆಸರಿನ ಆಯ್ಕೆ ನನಗೆ ಬಹಳ ಸರಿಯೆನಿಸುತ್ತದೆ, ಏಕೆಂದರೆ ನಲವತ್ತು ಜನರ ವೃಂದ ಹಾಡಿದಾಗ ಒಬ್ಬನ ಉಸಿರಿನ ತಡವರಿಕೆ ಉಳಿದವರಲ್ಲಿ ಮುಚ್ಚಿಹೋಗುತ್ತದೆ. ಒಂದೊಂದು ಎಳೆಗೆ, ಅಂದರೆ ಒಟ್ಟಿಗೆ ಸಾಗುವ ಬೇರೆ ಬೇರೆ ಸ್ವರಸಾಲುಗಳಲ್ಲಿ ಒಂದೊಂದಕ್ಕೆ, ಒಬ್ಬೊಬ್ಬನೇ ಇರುವಾಗ ಕಿರುಚಿತ್ರದ ಗೆರೆಯಂತೆ ಎಲ್ಲವೂ ಬಯಲಲ್ಲಿರುತ್ತದೆ. ‘ಒಫಿಚಿಯುಂ’ನಲ್ಲಿ ಹಾಡಿದವರು ಡೇವಿಡ್ ಜೇಮ್ಸ್, ರೋಜರ್ಸ್ ಕವಿ-ಕ್ರಂಪ್, ಜಾನ್ ಪಾಟರ್ ಮತ್ತು ಗಾರ್ಡನ್ ಜೋನ್ಸ್. ಇವರಲ್ಲಿ ಜೇಮ್ಸ್ ಕೌಂಟರ್ ಟೆನರ್, ಅಂದರೆ ಹೆಂಗಸರ ಸ್ಥಾಯಿಯಲ್ಲಿ ಹಾಡುವ ಗಂಡಸು. ಕಪ್ಪು ಮೂರರಲ್ಲಿ ತೆರೆದ ಕಂಠದಿಂದ ಹಾಡುವ ಯಕ್ಷಗಾನದ ಭಾಗವತರನ್ನು ಕೇಳಿ ಬೆಳೆದ ನನಗೆ ಇದು ವಿಚಿತ್ರವೆನಿಸಲಿಲ್ಲ. ಅಷ್ಟು ಎತ್ತರದಲ್ಲಿ ಅಷ್ಟು ಮೆಲ್ಲಗೆ ಹಾಡಬಹುದೆಂಬುದು ಮಾತ್ರ ಹೊಸದಾಗಿತ್ತು. ತಂಡ 2014ರ ಡಿಸೆಂಬರಿನಲ್ಲಿ ಲಂಡನ್ನಿನ ವಿಗ್‌ಮೋರ್ ಹಾಲ್‌ನಲ್ಲಿ ಕೊನೆಯ ಕಛೇರಿ ಮಾಡಿ ವಿಸರ್ಜನೆಗೊಂಡಿತು. ಅವರನ್ನು ಎದುರು ಕೂತು ಕೇಳುವ ಭಾಗ್ಯ ಇನ್ನಿಲ್ಲ. ಹಾಗಾಗಿ ಅವರು ಹಾಡಿದ ಜಾಗವನ್ನಾದರೂ ನೋಡೋಣವೆಂದು ಜ್ಯೂರಿಕ್‌ನಲ್ಲಿ ಕೆಲಸದಲ್ಲಿರುವ ಅಕ್ಕನ ಮಗಳನ್ನು ಜೊತೆ ಮಾಡಿಕೊಂಡು ಹೊರಟೆ. ಅವಳು ಮೈಸೂರಿನಲ್ಲಿ ವರ್ಷಗಟ್ಟಲೆ ಕರ್ನಾಟಕ ಸಂಗೀತ ಕಲಿತವಳು. ನೇರವಾಗಿ ಆಸ್ಟ್ರಿಯಾಕ್ಕೆ ಹೋಗುವ ಬದಲು, ಇಂಥ ಲ್ಯಾಟಿನ್ ಹಾಡುಗಳು ಬಹಳ ಹಿಂದೆಯೇ ಬರಹಕ್ಕಿಳಿದ ಸ್ವಿಟ್ಜರ್ಲೆಂಡಿನ ಎರಡು ಮಠಗಳನ್ನು ನೋಡಿಕೊಂಡು ಹೋಗೋಣವೆಂದು ದಾರಿ ಹಾಕಿದ್ದು ಅವಳೇ.

ಮೊದಲನೆಯದು ಸೇಂಟ್ ಗಾಲೆನ್. ಜ್ಯೂರಿಕ್‌ನಿಂದ ರೈಲಿನಲ್ಲಿ ಒಂದು ತಾಸಿನ ದಾರಿ. ಅಲ್ಲಿನ ಮಠದ ಗ್ರಂಥಾಲಯದ ನೆಲ ಸವೆಯಬಾರದೆಂದು ಬೂಟಿನ ಮೇಲೆಯೇ ದೊಡ್ಡ ಉಣ್ಣೆಯ ಚಪ್ಪಲಿ ಹಾಕಿಕೊಂಡು ಜಾರುತ್ತ ನಡೆಯಬೇಕು. ಹದಿನೆಂಟನೆಯ ಶತಮಾನದ ಆ ಹಜಾರದ ಕೆತ್ತಿದ ಕಂಬಗಳು, ಚಾವಣಿಯ ಚಿತ್ರಗಳು ಕಣ್ಣು ಕೋರೈಸುವಂತಿವೆ. ಆದರೂ ನಾವು ಹೋದ ದಿನ ಜನ ಮುತ್ತಿಕೊಂಡಿದ್ದು ಅಲ್ಲಿರುವ ಈಜಿಪ್ಟಿನ ಮಮ್ಮಿಯನ್ನು. ನಾವು ನೋಡಬಂದಿದ್ದು ಹತ್ತನೆಯ ಶತಮಾನದ ಸಂಗೀತ ಲಿಪಿಯನ್ನು. ‘ನ್ಯೂಮ್’ ಎಂದು ಕರೆಯುವ ಆ ಗುರುತುಗಳು ಲ್ಯಾಟಿನ್ ಸಾಹಿತ್ಯದ ನೆತ್ತಿಯ ಮೇಲೆ ಕೂದಲೆಳೆಯಷ್ಟು ತೆಳ್ಳಗೆ ಬರೆದ ಗೀಟುಗಳು, ಕೊಕ್ಕೆಗಳು, ಚುಕ್ಕಿಗಳು. ಗೆರೆಗಳ ಏಣಿ ಇಲ್ಲ. ಯಾವ ಸ್ವರ ಎಷ್ಟು ಎತ್ತರದಲ್ಲಿದೆ ಎಂಬುದು ಅದರಿಂದ ತಿಳಿಯುವುದಿಲ್ಲ. ರಾಗ ಏರುತ್ತದೋ ಇಳಿಯುತ್ತದೋ, ಎಲ್ಲಿ ಬಳುಕುತ್ತದೆ, ಎಲ್ಲಿ ತಡೆದು ನಿಲ್ಲುತ್ತದೆ ಎಂಬುದಷ್ಟೇ ಅದರ ಕಾಳಜಿ. ನಡುನಡುವೆ ಪುಟ್ಟ ಅಕ್ಷರಗಳೂ ಇವೆ: ‘ಸಿ’ ಎಂದರೆ ಬೇಗ ಸಾಗು, ‘ಟಿ’ ಎಂದರೆ ಎಳೆದು ಹಿಡಿ.

“ಮಾವ, ಇದು ಪಾಠ ಆದವರಿಗೆ ಮಾತ್ರ ಉಪಯೋಗಕ್ಕೆ ಬರೋ ಬರಹ. ನಮ್ಮ ಮೇಷ್ಟ್ರ ನೋಟ್‌ಬುಕ್ಕಿನ ಹಾಗೆಯೇ,” ಎಂದಳು ಹುಡುಗಿ. ಮಾತು ನಿಜ. ವರ್ಣವನ್ನು ಸ್ವರಲಿಪಿಯಲ್ಲಿ ನೋಡಿ ಯಾರೂ ಗಮಕ ಕಲಿಯುವುದಿಲ್ಲ. ಬಾಯಿಂದ ಕಿವಿಗೆ ಬಂದುದನ್ನು ಮರೆಯದಿರಲು ಬರಹ. ಇದೇ ಮಠದಲ್ಲಿದ್ದು 912ರಲ್ಲಿ ತೀರಿಕೊಂಡ ನೋಟ್ಕರ್ ಎಂಬ ಸಂನ್ಯಾಸಿ ತನ್ನ ಕಷ್ಟವನ್ನು ಬರೆದಿಟ್ಟಿದ್ದಾನೆ. ಒಂದೇ ಸ್ವರಾಕ್ಷರದ ಮೇಲೆ ಹರಿಯುವ ಉದ್ದುದ್ದ ರಾಗಗಳು ಹುಡುಗನಾಗಿದ್ದಾಗ ಅವನ ನೆನಪಿನಲ್ಲಿ ನಿಲ್ಲುತ್ತಿರಲಿಲ್ಲವಂತೆ. ನಾರ್ಮನ್ನರ ದಾಳಿಗೆ ಹಾಳಾದ ಜ್ಯೂಮಿಯೇಜ್ ಮಠದಿಂದ ಬಂದ ಪಾದ್ರಿಯೊಬ್ಬನ ಪುಸ್ತಕದಲ್ಲಿ ಅಂಥ ರಾಗಗಳಿಗೆ ಪದಗಳನ್ನು ಹೊಂದಿಸಿದ್ದನ್ನು ಕಂಡು, ತಾನೂ ಒಂದು ಸ್ವರಕ್ಕೆ ಒಂದು ಅಕ್ಷರದಂತೆ ಸಾಹಿತ್ಯ ಕಟ್ಟತೊಡಗಿದ. ಅಕಾರದಲ್ಲಿ ಹಾಡಿದ ಆಲಾಪನೆಯನ್ನು ಪದವಿಟ್ಟು ಕಂಠಸ್ಥ ಮಾಡಿಕೊಳ್ಳುವ ಈ ಉಪಾಯವೇ ಮುಂದೆ ಒಂದು ಪ್ರಕಾರವಾಗಿ ಬೆಳೆಯಿತು. ಅವನಿಗೆ ‘ತೊದಲ’ ಎಂಬ ಅಡ್ಡಹೆಸರಿತ್ತು ಎಂಬುದನ್ನೂ ಹೇಳಿಬಿಡುತ್ತೇನೆ.

ಸೇಂಟ್ ಗಾಲೆನ್‌ನಿಂದ ವೋರ್‌ಆಲ್ಪೆನ್ ಎಕ್ಸ್‌ಪ್ರೆಸ್ ಹಿಡಿದು ಬೀಬರ್‌ಬ್ರುಗ್‌ನಲ್ಲಿ ಗಾಡಿ ಬದಲಿಸಿದರೆ ಐನ್‌ಸೀಡೆಲ್ನ್. 934ರಲ್ಲಿ ಸ್ಥಾಪನೆಯಾದ ಬೆನೆಡಿಕ್ಟೀನ್ ಮಠ. 1735ರಲ್ಲಿ ಪ್ರತಿಷ್ಠೆಯಾದ ಬರೋಕ್ ಶೈಲಿಯ ಚರ್ಚು. ಗುಲಾಬಿ, ಬಂಗಾರ, ಗಾರೆಯ ದೇವದೂತರು—ಎಲ್ಲವೂ ನನ್ನ ರುಚಿಗೆ ಸ್ವಲ್ಪ ಹೆಚ್ಚೇ. ಆದರೆ ಚರ್ಚಿನೊಳಗೆ ಹೊಕ್ಕ ಕೂಡಲೇ ಎದುರಾಗುವ ಕಪ್ಪು ಕಲ್ಲಿನ ಪುಟ್ಟ ಗುಡಿಯಲ್ಲಿ ನಿಂತಿರುವ ಕರಿಯ ಮೇರಿಯಮ್ಮ, ಹದಿನೈದನೆಯ ಶತಮಾನದ ಮೂರ್ತಿ, ಬೇರೆಯೇ ಲೋಕದವಳು. ಶತಮಾನಗಳ ಮೇಣದಬತ್ತಿಯ ಹೊಗೆ ಅವಳನ್ನು ಕಪ್ಪಾಗಿಸಿತೆನ್ನುತ್ತಾರೆ. ಹಬ್ಬ ಹುಣ್ಣಿಮೆಗೆ ತಕ್ಕಂತೆ ಅವಳ ಉಡುಪು ಬದಲಾಗುತ್ತದೆ. ನೆಲೆ ಕಳೆದುಕೊಂಡು ಸ್ವಿಟ್ಜರ್ಲೆಂಡಿಗೆ ಬಂದ ಶ್ರೀಲಂಕಾದ ತಮಿಳರಲ್ಲಿ ಹಿಂದೂಗಳೂ ಅವಳಿಗೆ ನಡೆದುಕೊಳ್ಳುತ್ತಾರೆ. ನಾವು ಹೋದಾಗಲೂ ಸೀರೆಯುಟ್ಟ ಇಬ್ಬರು ಅಜ್ಜಿಯರು ಬತ್ತಿ ಹಚ್ಚಿ ಕೈಮುಗಿದು ನಿಂತಿದ್ದರು.

ಸಂಜೆಯ ಪ್ರಾರ್ಥನೆ ಮುಗಿದ ಮೇಲೆ ಕಪ್ಪು ನಿಲುವಂಗಿಯ ಸಂನ್ಯಾಸಿಗಳು ಸಾಲಾಗಿ ಈ ಗುಡಿಯೆದುರು ಬಂದು ‘ಸಾಲ್ವೆ ರೆಜಿನಾ’ ಎಂಬ ಮೇರಿಯ ಸ್ತುತಿಯನ್ನು ಹಲವು ಎಳೆಗಳಲ್ಲಿ ಹಾಡುತ್ತಾರೆ. ಇದು ಪ್ರತಿದಿನದ ಪದ್ಧತಿ. ಪ್ರಾರ್ಥನೆಯ ಉದ್ದಕ್ಕೂ ಒಂದೇ ಎಳೆಯ ಹಾಡನ್ನು ಕೇಳಿ ಹದಗೊಂಡ ಕಿವಿಗೆ, ತಟಕ್ಕನೆ ಆ ಎಳೆ ಕವಲೊಡೆದಾಗ ಆದ ಬೆರಗು ದೊಡ್ಡದು. ವೃತ್ತಿಗಾಯಕರಲ್ಲದ ಕೆಲವು ವಯಸ್ಸಾದ ಕಂಠಗಳು ನಡುಗುತ್ತಿದ್ದವು, ಒಂದೆರಡು ಕಡೆ ಶ್ರುತಿ ಜಗ್ಗಿತು. ಅದರಿಂದ ನನಗೆ ಲಾಭವೇ ಆಯಿತು: ಮುದ್ರಿಕೆಯಲ್ಲಿ ಹಿಲಿಯರ್ಡ್‌ನವರು ಸಹಜವೆಂಬಂತೆ ಮಾಡುವುದು ಎಷ್ಟು ಕಷ್ಟದ್ದೆಂದು ತಿಳಿಯಿತು. ಇದೇ ಮಠದ ಗ್ರಂಥಭಂಡಾರದಲ್ಲಿ 121ನೆಯ ಸಂಖ್ಯೆಯ ಹಸ್ತಪ್ರತಿಯಿದೆ. ವರ್ಷದ ಪೂಜೆಯ ಹಾಡುಗಳನ್ನು ನ್ಯೂಮ್‌ಗಳೊಂದಿಗೆ ಬರೆದ ಹತ್ತನೆಯ ಶತಮಾನದ ಪುಸ್ತಕ. ಅದರ ಪ್ರತಿಯೊಂದು ಪುಟವೂ ಅಂತರಜಾಲದಲ್ಲಿ ಲಭ್ಯವಿರುವುದರಿಂದ, ಅಂದು ರಾತ್ರಿ ವಸತಿಗೃಹದಲ್ಲಿ ಕೂತು ಫೋನಿನಲ್ಲೇ ಪುಟ ತಿರುವಿದೆವು. ನಮ್ಮ ಯಾತ್ರೆಯ ಕೊನೆಯ ಊರಿಗೂ ಈ ಮಠಕ್ಕೂ ನಂಟಿದೆ: ಸೇಂಟ್ ಗೆರೋಲ್ಡ್ ಐನ್‌ಸೀಡೆಲ್ನ್‌ನ ಶಾಖಾಮಠ.

ಮರುದಿನದ ರೈಲು ವಾಲೆನ್ ಸರೋವರದ ದಂಡೆ ಹಿಡಿದು ಬುಕ್ಸ್ ದಾಟಿ, ಲಿಕ್ಟೆನ್‌ಸ್ಟೈನ್ ಎಂಬ ದೇಶವನ್ನು ಚಹಾ ಆರುವುದರೊಳಗೆ ಮುಗಿಸಿ, ಫೆಲ್ಡ್‌ಕಿರ್ಕ್‌ನ ಮೂಲಕ ಬ್ಲುಡೆನ್ಸ್ ತಲುಪಿತು. ಅಲ್ಲಿಂದ ಬಸ್ಸು. ಹದಿನಾಲ್ಕನೆಯ ಶತಮಾನದಲ್ಲಿ ಸ್ವಿಟ್ಜರ್ಲೆಂಡಿನ ವಾಲಿಸ್ ಸೀಮೆಯಿಂದ ವಲಸೆ ಬಂದ ವಾಲ್ಸರ್ ಜನ ಈ ಇಳಿಜಾರುಗಳಲ್ಲಿ ಹುಲ್ಲು ಕೊಯ್ದು, ದನ ಸಾಕಿ ಬದುಕು ಕಟ್ಟಿಕೊಂಡವರು. ಕಣಿವೆ 2000ದಿಂದ ಯುನೆಸ್ಕೋದ ಜೀವಗೋಳ ಸಂರಕ್ಷಿತ ಪ್ರದೇಶ. ಹಸಿರು ನೋಡಿ ಮೈಮರೆಯುವವರು ನೆನಪಿಡಬೇಕಾದ್ದೆಂದರೆ, ಪಕ್ಕದ ಬ್ಲೋನ್ಸ್ ಊರಿನಲ್ಲಿ 1954ರ ಜನವರಿಯಲ್ಲಿ ಹಿಮಕುಸಿತಕ್ಕೆ ಐವತ್ತಕ್ಕೂ ಹೆಚ್ಚು ಜನ ಬಲಿಯಾದರು.

ಹತ್ತನೆಯ ಶತಮಾನದಲ್ಲಿ ಇಲ್ಲಿನ ಕಾಡಿನ ಓಕ್ ಮರದ ಪೊಟರೆಯಲ್ಲಿ ತಪಸ್ಸು ಮಾಡುತ್ತಿದ್ದ ಗೆರೋಲ್ಡ್ ಎಂಬ ಸಾಧುವಿನ ಕತೆಯೇ ಊರಿನ ಮೂಲ. ಬೇಟೆಗಾರರಿಂದ ತಪ್ಪಿಸಿಕೊಂಡ ಕರಡಿಯೊಂದು ಅವನ ಮೊರೆ ಹೊಕ್ಕಿತಂತೆ. ಪಾಳುಬಿದ್ದಿದ್ದ ಮಠವನ್ನು 1958ರಲ್ಲಿ ಬಂದ ಫಾದರ್ ನಥನಯೇಲ್ ವಿರ್ತ್ ಎಂಬ ಮುಖ್ಯಸ್ಥರು ದಶಕಗಳ ಕಾಲ ದುಡಿದು ಎತ್ತಿ ನಿಲ್ಲಿಸಿದರು. ಇಂದು ಅದು ಅತಿಥಿಗೃಹ, ಕಛೇರಿ, ಕಮ್ಮಟಗಳಿರುವ ಸ್ಥಳ. ಪ್ಯಾರಿಸ್ಸಿನ ಮಹಾಚರ್ಚುಗಳಂಥ ಗಗನಚುಂಬಿ ಕಮಾನುಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಬಂದವರಿಗೆ ಇಲ್ಲಿನ ಚರ್ಚು ನಿರಾಸೆ ಮಾಡೀತು. ಊರಿನ ಅಳತೆಗೆ ತಕ್ಕ ಚರ್ಚು, ಅಷ್ಟೇ. ಆದರೆ ಒಳಗೆ ಕೆಮ್ಮಿದರೆ ಸಾಕು, ಆ ಸದ್ದು ಒಡೆಯದೆ, ಗುಂಯ್ಗುಡದೆ, ಚೊಕ್ಕವಾಗಿ ಹಿಂದಿರುಗುತ್ತದೆ. ನಾಲ್ಕು ಎಳೆಗಳು ಕಲಸಿಹೋಗದೆ ಬೇರೆಬೇರೆಯಾಗಿಯೂ ಒಟ್ಟಾಗಿಯೂ ಕೇಳಬೇಕೆಂದರೆ ಇಷ್ಟೇ ಅನುರಣನ ಬೇಕು, ಇದಕ್ಕಿಂತ ಹೆಚ್ಚಲ್ಲ. ಹಿಲಿಯರ್ಡ್‌ನವರು ಮತ್ತೆ ಮತ್ತೆ ಇಲ್ಲಿಗೇ ಬಂದು ಮುದ್ರಿಸಿಕೊಂಡರು. ಗಾರ್ಬರೆಕ್ ಜೊತೆಗಿನ 1998 ಮತ್ತು 2009ರ ಧ್ವನಿಮುದ್ರಣಗಳೂ ಇಲ್ಲಿನವೇ.

ಚರ್ಚು ಗುಡಿಸುತ್ತಿದ್ದ ಹೆಂಗಸಿನ ಒಪ್ಪಿಗೆ ಪಡೆದು ಹುಡುಗಿ ಫೋನಿನಲ್ಲಿ ತಂಬೂರಿ ಹಾಕಿದಳು. ಷಡ್ಜ ಹಾಡಿದಳು, ಪಂಚಮ ಹಾಡಿದಳು, ಅನಂತರ ಅಂತರ ಗಾಂಧಾರದಲ್ಲಿ ನಿಂತಳು. ಗೋಡೆಯಿಂದ ಬಂದ ಸ್ವರ ಅವಳ ಸ್ವರಕ್ಕೆ ಹಾಸಿದಂತೆ ಕೂತಿತು. ಈ ನಾಲ್ವರ ಗಾಯನದ ಗುಟ್ಟೆಲ್ಲ ಇರುವುದು ಇಲ್ಲಿಯೇ ಎಂದು ನನಗನಿಸುತ್ತದೆ. ಜೊತೆಗೆ ವಾದ್ಯವಿಲ್ಲದ ಕಾರಣ ಅವರು ಪಿಯಾನೋದ ಹಂಗಿನಲ್ಲಿಲ್ಲ. ಪಿಯಾನೋದಲ್ಲಿ ಷಡ್ಜಕ್ಕೂ ಗಾಂಧಾರಕ್ಕೂ ಇರುವ ಅಂತರ 400 ಸೆಂಟ್ (ಸ್ವರಗಳ ನಡುವಿನ ದೂರದ ಅಳತೆ). ತಂಬೂರಿಯ ತಂತಿಯಿಂದ ತಾನಾಗಿ ಹೊಮ್ಮುವ ಗಾಂಧಾರ 386ರ ಹತ್ತಿರ. ಇನ್ನು ಷಡ್ಜದಿಂದ ಶುದ್ಧ ಪಂಚಮದ ಹೆಜ್ಜೆಗಳನ್ನೇ ಇಡುತ್ತ ಸ, ಪ, ರಿ, ದ, ಗ ಎಂದು ನಡೆದರೆ ಸಿಗುವ ಗಾಂಧಾರ 408. ಕಿವಿಗೆ ತುಸು ಚೂಪು. ಮಧ್ಯಯುಗದ ಶಾಸ್ತ್ರಕಾರರ ಗಾಂಧಾರ ಈ ಚೂಪಿನದು. ಪ್ಯಾರಿಸ್ಸಿನಲ್ಲಿ 1200ರ ಆಸುಪಾಸಿನಲ್ಲಿ ಪೆರೊತ್ಯಾಂ ಕಟ್ಟಿದ ನಾಲ್ಕು ಎಳೆಯ ಹಾಡುಗಳಲ್ಲಿ ಒಂದು ಕಂಠ ಒಂದೇ ಸ್ವರವನ್ನು ತಂಬೂರಿಯಂತೆ ಹಿಡಿದಿರುತ್ತದೆ, ಮೇಲಿನ ಮೂರು ಅದರ ಸುತ್ತ ಕುಣಿಯುತ್ತವೆ. ಅಲ್ಲಿ ಪಂಚಮ, ಷಡ್ಜಗಳೇ ವಿಶ್ರಾಂತಿಯ ತಾಣ, ಗಾಂಧಾರ ಎಲ್ಲಿಗೋ ಹೊರಟ ಸ್ವರ. ನಮ್ಮ ಕಿವಿ ಅಲ್ಲಿ ಸುಲಭವಾಗಿ ಕೂರುತ್ತದೆ, ಆ ಆಧಾರಸ್ವರ ಒಮ್ಮೆಲೇ ಬೇರೆ ಸ್ಥಾನಕ್ಕೆ ಸರಿಯುವವರೆಗೆ. ಆಗ ಕಾಲಕೆಳಗಿನ ನೆಲವೇ ಕದಲಿದಂತಾಗುತ್ತದೆ. ಮೂರು ಶತಮಾನ ಕಳೆದು ಸ್ಪೇನಿನ ಕ್ರಿಸ್ತೊಬಾಲ್ ದೆ ಮೊರಾಲೆಸ್‌ನ ಕಾಲಕ್ಕೆ ಗಾಂಧಾರವೇ ಮಾಧುರ್ಯದ ನೆಲೆಯಾಗಿತ್ತು, ಹಾಗಾಗಿ ಅದನ್ನು ತಂಬೂರಿಯ ಗಾಂಧಾರಕ್ಕೆ ಇಳಿಸಿ ಹಾಡಬೇಕು. ತಂಡದಲ್ಲಿ ಈ ಶ್ರುತಿವಿಚಾರದಲ್ಲಿ ಹೆಸರಾದವರು ಕವಿ-ಕ್ರಂಪ್.

ಮೊರಾಲೆಸ್‌ನ ‘ಪಾರ್ಚೆ ಮಿಹಿ ದೊಮಿನೆ’ ‘ಒಫಿಚಿಯುಂ’ನ ಮೊದಲ ಹಾಡು. ಸತ್ತವರಿಗಾಗಿ ಮಾಡುವ ಪ್ರಾರ್ಥನೆಯಿಂದ ಬಂದದ್ದು. ‘ನನ್ನನ್ನು ಬಿಟ್ಟುಬಿಡು, ನನ್ನ ದಿನಗಳಲ್ಲಿ ಹುರುಳಿಲ್ಲ’ ಎಂಬ ಬೈಬಲ್ಲಿನ ಯೋಬನ ಮೊರೆ. ನಾಲ್ಕೂ ಎಳೆಗಳು ಒಟ್ಟಿಗೇ ಅಕ್ಷರ ಉಚ್ಚರಿಸುತ್ತವೆ, ಬಹುಹೊತ್ತು ಒಂದೇ ಸ್ವರಗುಚ್ಛದಲ್ಲಿ ನಿಲ್ಲುತ್ತವೆ. ಹಾಡಲು ಸುಲಭವೆಂದು ತೋರುವ ಇದು ನಿಜವಾಗಿ ಕಠಿಣ, ಏಕೆಂದರೆ ಬಚ್ಚಿಟ್ಟುಕೊಳ್ಳಲು ಒಂದು ಸಂಗತಿಯೂ ಇಲ್ಲ. ಆ ಕಾಲದ ಗಾಯಕರ ಮುಂದೆ ನಾಲ್ಕೂ ಎಳೆಗಳನ್ನು ಒಂದರ ಕೆಳಗೊಂದು ಬರೆದ ಪುಟವಿರುತ್ತಿರಲಿಲ್ಲ. ಅವನವನ ಎಳೆಯನ್ನು ಬೇರೆ ಬೇರೆಯಾಗಿಯೇ ಬರೆದಿರುತ್ತಿದ್ದರು. ಉಳಿದವರು ಏನು ಮಾಡುತ್ತಿದ್ದಾರೆಂದು ತಿಳಿಯಲು ಕಿವಿಯೊಂದೇ ದಾರಿ.

ಜರ್ಮನಿಯ ಸಂಗೀತ ರಚನಕಾರ ಬಾಖ್‌ನ ಸಂಗೀತವನ್ನೂ ಈ ತಂಡ ಇಲ್ಲಿ ಮುದ್ರಿಸಿಕೊಂಡಿದೆ. ಒಂಟಿ ಪಿಟೀಲಿಗೆ ಬರೆದ ಡಿ ಮೈನರ್ ಪಾರ್ಟೀಟಾ ಎಂಬ ಕೃತಿಯೊಳಗೆ, 1720ರಲ್ಲಿ ತೀರಿಕೊಂಡ ಮೊದಲ ಹೆಂಡತಿಯ ನೆನಪಿಗಾಗಿ ಬಾಖ್ ಚರ್ಚಿನ ಕೀರ್ತನೆಗಳನ್ನು ಅಡಗಿಸಿದ್ದಾನೆ ಎಂಬುದು ಜರ್ಮನ್ ವಿದುಷಿ ಹೆಲ್ಗಾ ಟೋನೆ ಅವರ ವಾದ. ಕ್ರಿಸ್ಟೊಫ್ ಪೊಪ್ಪೆನ್ ಅವರ ಪಿಟೀಲಿನ ಜೊತೆ ಹಿಲಿಯರ್ಡ್‌ನವರು ಆ ಕೀರ್ತನೆಗಳನ್ನು ಹಾಡಿ 2001ರಲ್ಲಿ ಹೊರತಂದರು. ವಾದ ನನಗೆ ಪೂರ್ತಿ ಒಪ್ಪಿಗೆಯಾಗಿಲ್ಲ; ಹುಡುಕಿದರೆ ಯಾವ ರಾಗದೊಳಗೂ ಇನ್ನೊಂದು ಸಿಕ್ಕೀತು. ಕೇಳಲು ಮಾತ್ರ ಬಹಳ ಸೊಗಸಾಗಿದೆ.

ಹಿಂದಿರುಗುವ ಬಸ್ಸಿನಲ್ಲಿ ಒಂದು ಇಯರ್‌ಫೋನನ್ನು ಇಬ್ಬರೂ ಹಂಚಿಕೊಂಡು ‘ಒಫಿಚಿಯುಂ’ ಹಾಕಿದೆವು. ಮೊರಾಲೆಸ್‌ನ ಹಾಡು ಅದರಲ್ಲಿ ಮೂರು ಸಲ ಬರುತ್ತದೆ. ನಡುವಿನ ಸಲ ಸ್ಯಾಕ್ಸೊಫೋನ್ ಇಲ್ಲ, ಬರೀ ನಾಲ್ಕು ಕಂಠ. ಅದೇ ಶ್ರೇಷ್ಠವೆಂದೆ. ಗಾರ್ಬರೆಕ್ ದೊಡ್ಡ ಕಲಾವಿದರೇ, ಆದರೆ ಅಷ್ಟು ನಿಖರವಾಗಿ ಕೂಡಿದ ಸ್ವರಗಳ ಮೇಲೆ ಮತ್ತೊಂದು ಬಣ್ಣ ಯಾಕೆ ಬೇಕು ಎಂಬುದು ನನ್ನ ತಕರಾರು.

“ಹಾಗಲ್ಲ ಮಾವ,” ಎಂದಳು ಅವಳು. “ಅವರ ನಾಲ್ಕೂ ಎಳೆ ಬರೆದಿಟ್ಟಿದ್ದು. ಗಾರ್ಬರೆಕ್ ಅವರದು ಮನೋಧರ್ಮ, ಆಗಿಂದಾಗಲೇ ಕಟ್ಟಿದ್ದು. ಪಲ್ಲವಿ ಹಾಡೋರು ನೆರವಲ್ ಬಿಟ್ಟುಬಿಡಿ ಅಂದರೆ ನೀವು ಒಪ್ಪುತ್ತೀರಾ?”

ಪಲ್ಲವಿ ಹಾಡುವವನೇ ನೆರವಲ್ ಮಾಡುತ್ತಾನೆ, ಪಕ್ಕದ ಊರಿನಿಂದ ಬಂದವನಲ್ಲ ಎಂದೆ. ಹಾಗಾದರೆ ಪಿಟೀಲು ಪಕ್ಕವಾದ್ಯದವರು ಎಲ್ಲಿಂದ ಬಂದರು ಎಂದಳು. ಬ್ಲುಡೆನ್ಸ್‌ನಲ್ಲಿ ಇಳಿದು, ರೈಲು ಹತ್ತಿ, ಫೆಲ್ಡ್‌ಕಿರ್ಕ್ ದಾಟಿದರೂ ಇಬ್ಬರೂ ಪಟ್ಟು ಸಡಿಲಿಸಲಿಲ್ಲ.