ಗೌರಿಯ ಎರಡನೇ ಊಟ

ಊರಲ್ಲಿದ್ದೇನೆ. ಕರೆಂಟ್ ಹೋಯ್ತು, ಸುಮ್ನೆ ಕೊಟ್ಟಿಗೆಗೆ ಹೋಗಿ ಕೂತೆ. ಗೌರಿ ಮಲಗಿ ಮೆಲುಕು ಹಾಕುತ್ತಿದ್ದಳು. ಟಾರ್ಚ್ ಬಿಟ್ಟು ನೋಡಿದರೆ, ಕತ್ತಿನೊಳಗೆ ಉಂಡೆಯೊಂದು ಸರಕ್ಕನೆ ಮೇಲೇರಿ ಬಾಯಿಗೆ ಬಂತು. ಎಣಿಸಿದೆ, 52 ಸಲ ಅಗಿದಳು. ನುಂಗಿದಳು. ಒಂದು ಗಳಿಗೆ ಬಿಟ್ಟು ಮತ್ತೊಂದು ಉಂಡೆ.

ಹೊಟ್ಟೆಯಲ್ಲಿ 4 ಕೋಣೆ. ದೊಡ್ಡ ಹಸುವಾದರೆ ಮೊದಲನೆಯದೇ 100 ಲೀಟರಿಗೂ ಜಾಸ್ತಿ ಹಿಡಿಯುವ ಹಂಡೆ. ಹುಲ್ಲಿನ ನಾರು ಕರಗಿಸುವುದು ಹಸುವಿನ ಕೈಲಿ ಆಗದ ಕೆಲಸ. ಅಲ್ಲಿರುವ ಸೂಕ್ಷ್ಮಜೀವಿಗಳೇ ದೋಸೆ ಹಿಟ್ಟಿನ ಹಾಗೆ ಹುದುಗು ಬರಿಸಿ ಕೊಡಬೇಕು. ಆಮೇಲೆ ನಾಲ್ಕನೇ ಕೋಣೆಗೆ ಬಂದ ಆ ಜೀವಿಗಳೂ ಜೀರ್ಣವಾಗಿ ಗೌರಿಗೇ ಪ್ರೋಟೀನು! ಸಾಕಿ ತಿನ್ನೋದು ಅಂದ್ರೆ ಇದೇ ಅಲ್ವಾ?

ನಾನು ಹತ್ತೇ ನಿಮಿಷದಲ್ಲಿ ಮುದ್ದೆ ನುಂಗಿ ಎದ್ದವನು. ಈಗ ಹುಳಿತೇಗು ಬಿಡುತ್ತಾ ಕೂತಿದ್ದೇನೆ.