ಬೆಲ್‌ಗ್ರೇಡ್‌ನಲ್ಲಿ ಹಾಡು ಕೇಳೋಕೆ ಎಲ್ಲಿ ಕೂರಬೇಕು, ಎಲ್ಲಿ ಕೂರಬಾರದು

ಸರ್ಬಿಯಾದ ರಾಜಧಾನಿ ಬೆಲ್‌ಗ್ರೇಡ್‌ನಲ್ಲಿ ಹಾಡು-ಊಟದ ಹೋಟೆಲುಗಳಿಗೆ ಹೆಸರಾದ ಸ್ಕಾದರ್ಲಿಯಾ ಬೀದಿಯನ್ನು ಹಗಲು ಹೊತ್ತು ನೋಡಿ ಬನ್ನಿ. ರಾತ್ರಿ ಊಟಕ್ಕೆ ಮಾತ್ರ ಅಲ್ಲಿ ಕೂರಬೇಡಿ. ನಾವು ಕೂತು ಮೋಸಹೋದೆವು. ವಾದ್ಯದವರು ಮೇಜಿಗೇ ಬಂದು ನಾಲ್ಕು ಹಾಡು ನುಡಿಸಿದರು. ಹೋಟೆಲಿನವರೇ ಕಳಿಸಿರಬೇಕು ಅಂದುಕೊಂಡು ತಲೆದೂಗಿದೆವು. ಕೊನೆಗೆ ನಮ್ಮಿಬ್ಬರ ಊಟಕ್ಕಿಂತ ಜಾಸ್ತಿ ದುಡ್ಡು ಕೇಳಿದರು. ಬೇಡವಾದರೆ ಮೊದಲೇ "ನೇ, ಹ್ವಾಲಾ" (ಬೇಡ, ಥ್ಯಾಂಕ್ಸ್) ಅನ್ನಿ. ಬೇಕಾದರೆ ಹಾಡಿಗೆ ಎಷ್ಟು ಅಂತ ಕೇಳಿಕೊಳ್ಳಿ.

ನಾವಿದ್ದ ಮನೆಯ ಯಜಮಾನಿ ಮರುದಿನ ತಾವೇ ಒಂದು ಸಣ್ಣ ಕಫಾನಾಗೆ ಕರೆದುಕೊಂಡು ಹೋದರು. ಕಫಾನಾದಲ್ಲಿ ಊಟ, ಕುಡಿತ, ಹಾಡು ಎಲ್ಲಾ ಒಂದೇ ಕಡೆ. ಸಸ್ಯಾಹಾರಿಗಳು "ಪೋಸ್ನೊ" ಇದೆಯಾ ಕೇಳಿ. ಅದು ಅವರ ಉಪವಾಸದ ಅಡುಗೆ. ಮಾಂಸ, ಹಾಲು, ಮೊಟ್ಟೆ ಇರುವುದಿಲ್ಲ, ಮೀನು ಇರಬಹುದು, ಹುಷಾರು. ಪ್ರೆಬ್ರಾನಾತ್ಸ್ ಅಂತ ಒಂದಿದೆ: ಬಿಳಿ ಬೀನ್ಸ್ ಕಾಳಿಗೆ ರಾಶಿ ಈರುಳ್ಳಿ, ಕೆಂಪು ಮೆಣಸಿನ ಪುಡಿ ಹಾಕಿ ಮಣ್ಣಿನ ಪಾತ್ರೆಯಲ್ಲೇ ಬೇಯಿಸಿದ್ದು. ಮೇಲೆ ಗರಿಗರಿ, ಒಳಗೆ ಬೆಣ್ಣೆಯಷ್ಟು ಮೆತ್ತಗೆ. ಜೊತೆಗೆ ಬಿಸಿ ಲೆಪಿನ್ಯಾ ರೊಟ್ಟಿ, ಸುಟ್ಟ ದಪ್ಪಮೆಣಸಿನಕಾಯಿಯ ಐವಾರ್ ಚಟ್ನಿ. ತಟ್ಟೆ ಒರೆಸಿ ತಿಂದೆವು. ಆಮೇಲೆ ಮೂರು ರಾತ್ರಿಯೂ ಅಲ್ಲೇ.

ಪಕ್ಕದ ಮೇಜಿನಲ್ಲಿ ಒಬ್ಬ ಅಜ್ಜ ಒಂಟಿಯಾಗಿ ಕೂತಿದ್ದರು. ಮುಂದೆ ಚೊಕಾಂಚಿಚ್ ಅನ್ನೋ ಪುಟಾಣಿ ಸೀಸೆಯಲ್ಲಿ ರಾಕಿಯಾ, ಅಂದರೆ ಪ್ಲಮ್ ಹಣ್ಣಿನ ಕಡಕ್ ಮದ್ಯ. ಅಕಾರ್ಡಿಯನ್‌ನವನು "ಶ್ತಾ ಚೆ ಮಿ ಜಿವೊತ್" ಶುರು ಮಾಡಿದ. "ನನಗ್ಯಾಕೆ ಈ ಬಾಳು" ಅಂತ ಅರ್ಥ. ತೋಮಾ ಜ್ದ್ರಾವ್ಕೊವಿಚ್ ಬರೆದದ್ದು, ಸಿಲ್ವಾನಾ ಅರ್ಮೆನುಲಿಚ್ ಹಾಡಿ ಮನೆಮಾತಾದದ್ದು. ಸಿಲ್ವಾನಾ 1976ರಲ್ಲಿ ಕಾರು ಅಪಘಾತದಲ್ಲಿ ತೀರಿಹೋದರು, ತೋಮಾ 1991ರಲ್ಲಿ. ಇವತ್ತಿಗೂ ಇಡೀ ಕೋಣೆಗೆ ಸಾಲು ಸಾಲು ಬಾಯಿಗೆ ಬರುತ್ತದೆ.

ಅಜ್ಜ ಎರಡು ಹನಿ ನೆಲಕ್ಕೆ ಚೆಲ್ಲಿ ನಮ್ಮ ಕಡೆ ಸೀಸೆ ಎತ್ತಿದರು. ನನ್ನ ಗಂಡ ತಾಗಿಸೋಕೆ ಗ್ಲಾಸು ಚಾಚಿದಾಗ ಯಜಮಾನಿ ಕೈ ಹಿಡಿದು ತಡೆದರು. ಹನಿ ಚೆಲ್ಲಿದ್ದು ತೀರಿಹೋದವರಿಗೆ, ಆಗ ತಾಗಿಸಬಾರದು. ಉಳಿದ ಹೊತ್ತು ಕಣ್ಣಲ್ಲಿ ಕಣ್ಣಿಟ್ಟು "ಜಿವೆಲಿ" (ಚಿಯರ್ಸ್) ಅಂದು ತಾಗಿಸಿ. ಒಂದೇ ಗುಟುಕಿಗೆ ಎತ್ತಬೇಡಿ, ಗಂಟಲು ಸುಡುತ್ತದೆ.

ಹಾಡು ಮುಗಿಯುವಾಗ ಅಜ್ಜ ಜೇಬಿನಿಂದ ನೋಟು ತೆಗೆದು ನೀಟಾಗಿ ಮಡಚಿ ಅಕಾರ್ಡಿಯನ್‌ನ ಸಂದಿಗೆ ಸಿಕ್ಕಿಸಿದರು. ಕಣ್ಣೀರು ಧಾರಾಕಾರ. ಯಾರೂ ಸಮಾಧಾನ ಮಾಡಲಿಲ್ಲ, ಯಾರೂ ತಿರುಗಿಯೂ ನೋಡಲಿಲ್ಲ. ಎಲ್ಲರೂ ಜೊತೆಗೆ ಹಾಡುತ್ತಿದ್ದರು. ಅಷ್ಟೇ ಸಾಕಾಗಿತ್ತು ಅವರಿಗೆ. ನಾನು ಕೂಡ ಅತ್ತುಬಿಟ್ಟೆ.

ಒಳಗೇ ಸಿಗರೇಟು ಸೇದುತ್ತಾರೆ, ನನಗಂತೂ ಹೊಗೆಯಿಂದ ತಲೆನೋವು ಬಂತು. ಬಾಗಿಲ ಹತ್ತಿರದ ಮೇಜು ಕೇಳಿ. ಚಿಲ್ಲರೆ ದಿನಾರ್ ನೋಟು ಇಟ್ಟುಕೊಳ್ಳಿ. ಹತ್ತು ಗಂಟೆಗೆ ಮೊದಲು ಹೋದರೆ ಬರೀ ಊಟ, ಹಾಡು ಕಾವೇರೋದು ಆಮೇಲೆ.