ಅಜ್ಜಿ ಸೀರಿಯಸ್ಸು

ನಮ್ಮ ಎಡಿಟಿಂಗ್ ಮೇಷ್ಟ್ರು ಹೋದ ತಿಂಗಳು ತೀರಿಕೊಂಡರು. ಸುದ್ದಿ ಬಂದಾಗ ನನಗೆ ಮೊದಲು ನೆನಪಾದದ್ದು ಒಂದು ಕಾಗದ.

ಎರಡನೇ ವರ್ಷ, ಊರ ಜಾತ್ರೆಗೆ ಹೋಗಬೇಕಿತ್ತು, ಹಾಸ್ಟೆಲ್‌ನಲ್ಲಿ ರಜೆ ಸಿಗುತ್ತಿರಲಿಲ್ಲ. ಪಕ್ಕದ ರೂಮಿನವನ ಕೈಯಲ್ಲಿ ನಮ್ಮಪ್ಪನ ಹೆಸರಲ್ಲಿ ಕಾಗದ ಬರೆಸಿದೆ. ಅಜ್ಜಿ ಸತ್ತು ಆಗಲೇ ನಾಲ್ಕು ವರ್ಷ. ವಾರ್ಡನ್ನೂ ಇದೇ ಮೇಷ್ಟ್ರು. ಓದಿ, ಮಡಚಿ ಜೇಬಿಗಿಟ್ಟುಕೊಂಡರು. "ಅಲ್ಲಯ್ಯಾ, 'ಇಲ್ಲಿ ನಾವೆಲ್ಲ ಕ್ಷೇಮ' ಅಂತ ಶುರು ಮಾಡಿ, ಮುಂದಿನ ಸಾಲಲ್ಲೇ ಅಜ್ಜಿ ಸೀರಿಯಸ್ಸು ಅಂತಾರಲ್ಲ ನಿಮ್ಮಪ್ಪ? ಸಂಜೆ ಕ್ಲಾಸಿಗೆ ಬಾ."

ಬೈಗುಳ ಕಾದಿದೆ ಅಂತ ಹೋದರೆ, ಎಲ್ಲಿಂದಲೋ ತಂದ ಕ್ಯಾಸೆಟ್ ಹಾಕಿದ್ದರು. ವಿಯೆಟ್ನಾಮಿನ ದಾಂಗ್ ನ್ಯತ್ ಮಿನ್ 1984ರಲ್ಲಿ ತಾನೇ ಬರೆದು ನಿರ್ದೇಶಿಸಿದ 'ಹತ್ತನೇ ತಿಂಗಳು ಬಂದಾಗ', ಕಪ್ಪು ಬಿಳುಪು. ಗಂಡ ಗಡಿಯಲ್ಲಿ ಸತ್ತದ್ದನ್ನು ಜುಯೆನ್ ಕಾಯಿಲೆಯ ಮಾವನಿಂದ ಮುಚ್ಚಿಡುತ್ತಾಳೆ, ಸತ್ತವನ ಹೆಸರಲ್ಲಿ ಕಾಗದ ಬರೆದುಕೊಡಿ ಅಂತ ಊರ ಮೇಷ್ಟ್ರನ್ನು ಬೇಡುತ್ತಾಳೆ. ನಾನು ತಲೆ ಎತ್ತಲಿಲ್ಲ.

ಮಿನ್ ಕಥೆಯನ್ನೂ ಅವರೇ ಹೇಳಿದರು. ಸಿನಿಮಾದವರ ಹತ್ತಿರ ರಷ್ಯನ್ ಭಾಷಾಂತರಕ್ಕೆ ಸೇರಿದವನಂತೆ, ನೋಡಿ ನೋಡಿಯೇ ಕಲಿತವನು. ಅಪ್ಪ ಮಲೇರಿಯಾ ಸಂಶೋಧನೆಯ ಡಾಕ್ಟರು, 1967ರಲ್ಲಿ ಅಮೆರಿಕದ ಬಾಂಬಿಗೆ ಸತ್ತರು. ಈ ಚಿತ್ರದಲ್ಲಿ ಸತ್ತವರೂ ಬದುಕಿದ್ದವರೂ ಸೇರುವ ಸಂತೆಯ ದೃಶ್ಯ ಇದೆಯಲ್ಲ, ಅದು ಮೂಢನಂಬಿಕೆ ಅಂತ ಸರ್ಕಾರದವರು ತಕರಾರು ಎತ್ತಿದ್ದರಂತೆ. ಆತ ಬಿಡಲಿಲ್ಲ.

ಊರ ನಾಟಕದಲ್ಲಿ ಗಂಡನನ್ನು ಬೀಳ್ಕೊಡುವ ಹೆಂಡತಿಯ ಪಾತ್ರ ಮಾಡುತ್ತಾ ಜುಯೆನ್ ಕುಸಿಯುವಲ್ಲಿ ಟೇಪ್ ನಿಲ್ಲಿಸಿದರು. "ಎಲ್ಲಿ ಕತ್ತರಿ ಹಾಕ್ತೀಯ?" ಜಾಣತನ ತೋರಿಸಲು ಹೋಗಿ, ಅವಳು ಅಳೋಕೆ ಶುರು ಮಾಡಿದ ತಕ್ಷಣ ಅಂದೆ. "ನಿನಗೇನು ಬಸ್ಸಿಗೆ ಹೊತ್ತಾಯ್ತಾ?" ಅಂದರು. ಸಿಲಬಸ್‌ನಲ್ಲಿ ಏನಿತ್ತೋ ದೇವರಾಣೆ ಜ್ಞಾಪಕವಿಲ್ಲ, ಇದೊಂದು ಉಳಿದಿದೆ. ಹದಿನೆಂಟು ವರ್ಷದಿಂದ ಧಾರಾವಾಹಿ ಎಡಿಟ್ ಮಾಡುತ್ತಿದ್ದೇನೆ. ಅಳುವ ಸೀನ್ ಬಂದರೆ ನನಗೇ ಕೊಡಿ ಅಂತಾರೆ, ಹೇಳಿಕೊಳ್ಳಬಾರದು, ಆದರೂ ಹೇಳಿದೆ. ಈಗಿನ ಹುಡುಗರು ಇಂಟರ್ನ್‌ಶಿಪ್‌ಗೆ ಬರುತ್ತಾರೆ, ಸಾಫ್ಟ್‌ವೇರ್ ನನಗಿಂತ ಜಾಸ್ತಿ ಗೊತ್ತು, ಸಿನಿಮಾ ಮಾತ್ರ ಮೊಬೈಲಲ್ಲಿ ಓಡಿಸಿ ನೋಡುತ್ತಾರೆ.

2008ರಲ್ಲಿ ಸಿಎನ್‌ಎನ್ ಏಷ್ಯಾದ 18 ಅತ್ಯುತ್ತಮ ಚಿತ್ರಗಳಲ್ಲಿ ಇದನ್ನೂ ಸೇರಿಸಿತು ಅಂತ ಗೊತ್ತಾದಾಗ, ನಾವು ಮೊದಲೇ ನೋಡಿದ್ವಲ್ಲ ಸಾರ್ ಅಂತ ಫೋನಲ್ಲಿ ಜಂಬ ಕೊಚ್ಚಿದೆ. ಅವರು ಪೂರ್ತಿ ಕೇಳಿಸಿಕೊಂಡು, ಎಂದಿನಂತೆ, "ಅಜ್ಜಿ ಹೇಗಿದ್ದಾರೆ?" ಅಂದರು.

"ಕ್ಷೇಮ ಸಾರ್."